ಎರಡು ಮಾತ್ರೆ

ಡುಲೂತಿನ ಗುಡ್ಡದ ಮೇಲೆ, ಕಂಬದ ಬುಡದಲ್ಲಿ,
ಟೇಪು ಬದಲಿಸುವ ಕೆಲಸ ನನ್ನದು,
ರಾತ್ರಿ ಹತ್ತರಿಂದ ಬೆಳಗಿನ ಆರರವರೆಗೆ.
ಅರವತ್ತೇಳನೇ ಇಸವಿ.
ಕೆಳಗೆ ಹೆಪ್ಪುಗಟ್ಟಿದ ಸರೋವರ,
ದಡಕ್ಕೆ ಕಟ್ಟಿಹಾಕಿದ ಅದಿರಿನ ಹಡಗುಗಳು
ಕೊಟ್ಟಿಗೆಯ ದನಗಳ ಹಾಗೆ.

ನಮ್ಮಲ್ಲಿ ಹಾಡುಗಾರರಿಲ್ಲ.
ಇದ್ದ ಹಾಡುಗಳಿಂದಲೇ ಮಾತು ಕಿತ್ತು
ಆ ಜಾಗಕ್ಕೆ ನಲವತ್ತು ಪಿಟೀಲು ತುಂಬಿ ಕಳಿಸುತ್ತಿದ್ದರು,
ಮುಳ್ಳು ಬಿಡಿಸಿದ ಮೀನು.
ಕಾಲು ಗಂಟೆಗೊಮ್ಮೆ ನಾನು ಗುಂಡಿ ಒತ್ತಿ
ಮಲಗಿದ ಕೂಸು ಎದ್ದೀತೆಂಬಂತೆ ಹೊತ್ತು ಹೇಳಬೇಕು, ಅಷ್ಟೆ.
‘ಕೆಮ್ಮಬೇಡ ವರ್ನಾ,
ನೀನು ಇದ್ದೀಯೆಂದು ಯಾರಿಗೂ ಅನ್ನಿಸಬಾರದು’
ಮ್ಯಾನೇಜರ್ ಹಾಗ್‌ಸ್ಟ್ರಾಮನ ಅಪ್ಪಣೆ.

ಯುದ್ಧದಿಂದ ಮರಳಿದವರು ಕೇಳಿದ್ದೇ ಇದನ್ನು, ಅನ್ನುತ್ತಿದ್ದ.
ಮೊದಲು ಕಾರ್ಖಾನೆಗೆ ಬಂತಂತೆ, ಕೈ ಜಡವಾಗದಿರಲೆಂದು;
ಆಮೇಲೆ ಲಿಫ್ಟಿಗೆ,
ತಾನು ಹಗ್ಗಕ್ಕೆ ತೂಗುತ್ತಿದ್ದೇನೆಂಬುದು ಮರೆಯಲೆಂದು.
ಆಮೇಲೆ ಉದ್ದ ತಟ್ಟೆಗಳು, ಆಕ್ರೋಟು ಮರದ ಪೆಟ್ಟಿಗೆ,
ಸೋಫಾದ ಬಣ್ಣಕ್ಕೆ ಒಪ್ಪುವ ದನಿ.
ನನ್ನ ತಮ್ಮ ಎಲ್ಡನ್‌ಗೆ ಗಿಟಾರಿನ ಹುಚ್ಚು,
‘ಕಿವಿಗೆ ಕುಡಿಸುವ ಗಂಜಿ’ ಎಂದು ಮೂಗು ಮುರಿಯುತ್ತಿದ್ದ.
ಗಂಜಿಯೇ. ಇರಲಿ.
ಜ್ವರ ಬಿಟ್ಟವರಿಗೆ ಬೇರೇನು ಬಡಿಸುತ್ತಾರೆ?

ಫೆಬ್ರವರಿಯ ಒಂದು ರಾತ್ರಿ, ಎರಡೂ ಹತ್ತಕ್ಕೆ,
ಕಾಫಿ ಬಿಸಿಗಿಟ್ಟು ಮರಳುವಷ್ಟರಲ್ಲಿ ಟೇಪು ಹರಿದಿತ್ತು.
ಸುರುಳಿ ತನ್ನ ಬಾಲ ತಾನೇ ಬಡಿದುಕೊಳ್ಳುತ್ತ
ಫಟ್ ಫಟ್ ಫಟ್.
ನಾಲ್ಕು ನಿಮಿಷ ಊರಿಗೆ ಊರೇ ಬರಿದು.

ಫೋನು ಬಾಯಿ ಬಿಟ್ಟಿತು.
ಬೇಕರಿಯ ಸ್ಟಾನ್ಲಿ: ‘ಒಲೆ ಆರಿತೆಂದುಕೊಂಡೆ.’
ಗಡಿಯಾರದ ಸದ್ದು ಹೆದರಿಸುತ್ತಿದೆಯೆಂದು
ಹೆಸರು ಹೇಳಲೊಲ್ಲದ ಒಬ್ಬ ಮುದುಕ.
ಆಸ್ಪತ್ರೆಯ ಮೂರನೇ ಅಂತಸ್ತಿನಿಂದ ನರ್ಸು:
‘ಒಬ್ಬೊಬ್ಬರೇ ಏಳುತ್ತಿದ್ದಾರೆ ಕಣಮ್ಮ,
ಇಪ್ಪತ್ತು ಹಾಸಿಗೆಗೂ ಮಾತ್ರೆ ಕೊಡಲೇ?’
ಯಾವ ಹಾಡು ನಿಂತದ್ದೆಂದು ಕೇಳಿದೆ.
ಒಬ್ಬರಿಗೂ ಗೊತ್ತಿಲ್ಲ.
ಹಾಡು ಇತ್ತೆಂಬುದೇ ಅದು ನಿಂತ ಮೇಲೆ ತಿಳಿದದ್ದು.

ಬ್ಲೇಡಿನಿಂದ ನಜ್ಜಾದ ಭಾಗ ಕೊಯ್ದು, ಅಂಟಿಸಿ,
ಮತ್ತೆ ಬಿಟ್ಟೆ ಗಾಳಿಗೆ.

ಆಮೇಲೆ ವಾರಕ್ಕೆರಡು ಸಲ ಆ ಹಾಡು ಅದೇ ಕಡೆ ಎಡವುತ್ತಿತ್ತು,
ಮೆಟ್ಟಿಲೊಂದು ಇಲ್ಲದ ಕಡೆ ಕಾಲಿಟ್ಟ ಹಾಗೆ.
ಹಾಗ್‌ಸ್ಟ್ರಾಮನಿಗೆ ತಿಳಿಯಲಿಲ್ಲ. ಜಾಹೀರಾತಿನವರಿಗೂ.
ಏಪ್ರಿಲಿನಲ್ಲಿ, ಮಂಜು ಬಿರಿಯುವ ಸದ್ದಿನ ನಡುವೆ, ಒಂದು ಕರೆ:
‘ನಾನು ಆಂಬ್ರೋಸ್ ಕೆಟ್ಟುನೆನ್.
ಅಲ್ಲಿ ಎರಡು ಮಾತ್ರೆ ಕಡಿಮೆ ಇದೆ.’
ಆಸ್ಪತ್ರೆಯವನೆಂದುಕೊಂಡು ಕ್ಷಮೆ ಕೇಳಿದೆ.
‘ಅಲ್ಲಮ್ಮಾ, ತಾಳದ್ದು.
ಶಿಕಾಗೋದಲ್ಲಿ ಅದನ್ನು ನುಡಿಸಿದವರಲ್ಲಿ ನಾನೊಬ್ಬ,
ವಿಯೋಲಾ, ಹಿಂದಿನ ಸಾಲು.
ಮೂರು ಗಂಟೆ, ನಾಲ್ಕು ಹಾಡು, ಒಂದು ಸ್ಯಾಂಡ್‌ವಿಚ್ಚು.
ತಟ್ಟೆಯ ಮೇಲೆ ನಮ್ಮ ಹೆಸರಿಲ್ಲ, ದೊಡ್ಡ ಮಾತಲ್ಲ ಅದು.
ಚೆನ್ನಾಗಿ ನುಡಿಸಿ ಅನ್ನಲಿಲ್ಲ ಅವರು,
ಯಾರೂ ತಿರುಗಿ ನೋಡದ ಹಾಗೆ ನುಡಿಸಿ ಅಂದರು.
ನೀವೊಮ್ಮೆ ಪ್ರಯತ್ನಿಸಿ ನೋಡಿ.’

ತುಸು ತಡೆದು:
‘ಆ ಎರಡು ಮಾತ್ರೆಯಲ್ಲಿ ಪಿಟೀಲಿನವರು ಹಾಳೆ ತಿರುವಿದರು,
ನಾವು ಮೂವರೇ ಇದ್ದೆವು.’

ನಾನೇನೂ ಹೇಳಲಿಲ್ಲ.
ಗುಂಡಿ ಒತ್ತಿ ಹೊತ್ತು ಹೇಳಬೇಕಿತ್ತು, ಹೇಳಿದೆ.
ಅಂದು ಬಹುಶಃ ಕೊಂಚ ಕೆಮ್ಮಿದೆ.

ಈಗ ಆ ಕಂಬದಿಂದ ದಿನವಿಡೀ ಜಗಳ ಬಿತ್ತರವಾಗುತ್ತದೆ.
ಸುರುಳಿಗಳನ್ನು ಕಸದ ಲಾರಿ ಒಯ್ದಿತು.
ತಟ್ಟೆಗಳು ಹಳೇ ಸಾಮಾನಿನ ಅಂಗಡಿಯಲ್ಲಿ ನಾಣ್ಯಕ್ಕೊಂದು,
ಹೊದಿಕೆಯ ಮೇಲೆ ಕಡಲು ನೋಡುವ ಹೆಂಗಸರು;
ಗಡ್ಡದ ಹುಡುಗರು ನಗಲೆಂದು ಕೊಂಡು
ನಗು ಮರೆತು ಮತ್ತೆ ಬರುತ್ತಾರಂತೆ.

ಕೊಯ್ದ ತುಂಡು ನನ್ನ ಬಳಿ ಇದೆ,
ಒಂದು ಗೇಣು, ಮೇಲೆರಡು ಬೆರಳು,
ಅಡುಗೆ ಪುಸ್ತಕದಲ್ಲಿ ಗುರುತಿನ ಪಟ್ಟಿ.
ಕಂದು ಬಣ್ಣ, ಒಂದು ಕಡೆ ಹೊಳಪು.
ಬೆಳಕಿಗೆ ಹಿಡಿದರೆ ಏನೂ ಕಾಣುವುದಿಲ್ಲ.
ಮೂವರಿದ್ದಾರೆ ಅದರಲ್ಲಿ.